ಹಬ್ಬಕ್ಕೆ ಕರೆತಂದ ಅಪರಾಧ

೧೧ ಆಗಸ್ಟ್ ೨೦೨೪, ಭಾನುವಾರ

ಶಾಲೆಯ ಕ್ರೀಡಾಕೂಟದ ಅಂಕ ಬರೆಯಲು ತಂದಿಟ್ಟಿದ್ದ ನೋಟುಬುಕ್ಕು ಇದು. ಇನ್ನು ಇದರಲ್ಲಿ ನನ್ನ ಹೊಟ್ಟೆಯ ಉರಿ ಬರೆಯುತ್ತೇನೆ. ಬಾಯಿಬಿಟ್ಟು ಆಡಿದರೆ ಅವ್ವ ಅಳುತ್ತಾಳೆ, ಒಳಗೇ ಇಟ್ಟುಕೊಂಡರೆ ಯಾರ ಮೇಲಾದರೂ ಕೈ ಮಾಡಿಬಿಟ್ಟೇನು.

ನಿನ್ನೆ ಬೆಳಿಗ್ಗೆ ಎಂಟೂವರೆಗೆ ಮನೆ ಮುಂದೆ ಪೊಲೀಸ್ ಜೀಪು ನಿಂತಿತು. ಇಪ್ಪತ್ತು ವರ್ಷದಿಂದ ನನ್ನನ್ನು 'ಪಿ.ಟಿ. ಮಾಸ್ತರ' ಎಂದು ಮಾತಾಡಿಸುವ ಹುಬ್ಬಳ್ಳಿಯ ಈ ಓಣಿ ಬಾಗಿಲ ಸಂದಿಯಿಂದ ಇಣುಕಿತು. ಜೀಪಿನಿಂದ ಮೊದಲು ಇಳಿದವನು ಚಷ್ಮಾ. ಅಂದರೆ ನನ್ನ ತಂಗಿ ಕಸ್ತೂರಿಯ ಗಂಡ, ಗದಗಿನಲ್ಲಿ ಚಷ್ಮಾದ ಅಂಗಡಿ ಇಟ್ಟವನು. ಮಾರ್ಚಿನಲ್ಲಿ ಅವಳು ಡೆಂಗಿಯಿಂದ ಸತ್ತ ಮೇಲೆ ಅವನ ಹೆಸರನ್ನು ನಾನು ನಾಲಿಗೆಗೆ ತಾಗಿಸಿಲ್ಲ. ಮೂರು ದಿನ ಮನೆಯಲ್ಲೇ ಗುಳಿಗೆ ನುಂಗಿಸಿ ನಾಲ್ಕನೆಯ ದಿನ ಆಸ್ಪತ್ರೆಗೆ ಒಯ್ದ ಮಹಾನುಭಾವ ಅವನು.

"ಎಲ್ಲಿದ್ದಾಳ್ರೀ ನನ್ನ ಮಗಳು?" ಎಂದ.

ಮಗಳು ದಾನಿ, ಎಂಟು ವರ್ಷದ ದಾನೇಶ್ವರಿ, ಹಿತ್ತಲಲ್ಲಿ ಜೋಕಾಲಿ ಮೇಲೆ ಕೂತು ಎಳ್ಳುಂಡಿ ತಿನ್ನುತ್ತಿದ್ದಳು. ನಾನು ಮಾಡಿದ್ದಿಷ್ಟೇ. ಗುರುವಾರ ಮಧ್ಯಾಹ್ನ ಗದಗಿನ ಅವಳ ಶಾಲೆಗೆ ಹೋದೆ. 'ಸೋದರಮಾವ, ಪಂಚಮಿಗೆ ಕರೆದೊಯ್ಯುತ್ತಿದ್ದೇನೆ' ಎಂದು ಅಲ್ಲಿನ ಪುಸ್ತಕದಲ್ಲಿ ಬರೆದು ಸಹಿ ಹಾಕಿದೆ. ಬಸ್ಸು ಹತ್ತಿಸಿಕೊಂಡು ಬಂದೆ. ಕಸ್ತೂರಿಯ ಮದುವೆಯಾದ ಹತ್ತು ವರ್ಷ ಪ್ರತಿ ಪಂಚಮಿಗೂ ನಾನೇ ಹೋಗಿ ಕರೆತಂದಿದ್ದೇನೆ. ತವರಿನಿಂದ ಕರೆಯಲು ಹೋದ ಅಣ್ಣ ಯಾವತ್ತು ಯಾರ ಅಪ್ಪಣೆ ಕೇಳಿದ್ದಾನೆ? ನಮ್ಮ ಕಡೆ ಅದು ಕೇಳುವ ಮಾತೇ ಅಲ್ಲ.

ಪೊಲೀಸರು ಅದಕ್ಕೆ ಇಟ್ಟ ಹೆಸರು ಅಪಹರಣ. ಕೂಸಿನ ಕಣ್ಣೆದುರೇ ನನ್ನನ್ನು ಜೀಪಿಗೆ ಹತ್ತಿಸಿದರು. "ಮಾಮಾನ್ನ ಎಲ್ಲಿ ಒಯ್ತೀರಿ?" ಎಂದು ಅವಳು ಕಿರಿಚಿದ್ದು ಓಣಿಯ ಕೊನೆಯವರೆಗೂ ಕೇಳಿತು. ಸಂಜೆ ಠಾಣೆಯಲ್ಲೇ ಜಾಮೀನು ಕೊಟ್ಟು ಬಿಟ್ಟರು. ಮನೆಗೆ ಬಂದರೆ ದಾನಿ ಇರಲಿಲ್ಲ. ಚಷ್ಮಾ ಅವಳನ್ನು ಕರೆದುಕೊಂಡು ಹೋಗಿ ಆಗಿತ್ತು. ಅವನ ಮುಖಕ್ಕೆ ಬೆಂಕಿ ಬೀಳಲಿ.

೧೪ ಆಗಸ್ಟ್, ಬುಧವಾರ

ನದಾಫ ವಕೀಲರ ಹತ್ತಿರ ಹೋಗಿದ್ದೆ. ದಾನಿಯನ್ನು ನನ್ನ ವಶಕ್ಕೆ ಕೊಡಬೇಕೆಂದು ಜೂನಿನಲ್ಲಿ ಗದಗಿನ ಕೌಟುಂಬಿಕ ನ್ಯಾಯಾಲಯಕ್ಕೆ ಅರ್ಜಿ ಬರೆದುಕೊಟ್ಟವರೂ ಅವರೇ. ಎಫ್‌ಐಆರ್ ಓದಿ ಮುಗಿಸಿ, ಎಲೆ ಅಡಿಕೆ ಉಗುಳಿ ಬಂದು ಕೂತರು.

"ಮಾಸ್ತರ, ಜೂನ್‌ದಾಗ 'ಹುಡುಗಿನ್ನ ನನಗ ಕೊಡ್ರಿ' ಅಂತ ಕೋರ್ಟಿಗೆ ಕೈಮುಗದೀರಿ. ಕೋರ್ಟು ಹೂಂ ಅನ್ನೂದ್ರಾಗ ಆಗಸ್ಟ್‌ದಾಗ ನೀವ ಹೋಗಿ ಎತ್ಗೊಂಡ ಬಂದೀರಿ. ಅಂಗಡ್ಯಾವ ಕೊಡೂತನಕ ಕಾಯದ ಡಬ್ಬ್ಯಾಗ ಕೈ ಹಾಕಿದಂಗ ಆತಿಲ್ಲೋ?"

"ಹಬ್ಬಕ್ಕ ಕರ್ಕೊಂಡ ಬಂದೇನ್ರಿ! ನಮ್ಮನಿ ಕೂಸು."

"ನನಗ ಗೊತ್ತೈತಿ. ಕಾನೂನಿಗೆ ಪಂಚಮಿ ಗೊತ್ತಿಲ್ಲ."

ಆಮೇಲೆ ಬಿಡಿಸಿ ಹೇಳಿದರು. ಈ ಕ್ರಿಮಿನಲ್ ಕೇಸು ತಲೆ ಮೇಲೆ ಇರುವತನಕ ಗದಗಿನಲ್ಲಿ ನನಗೆ ದಾನಿ ಸಿಗುವ ಮಾತು ದೂರ. ಅಪಹರಣದ ಆರೋಪಿಯ ಕೈಗೆ, ಅದೂ ಮದುವೆಯಿಲ್ಲದ ಗಂಡಸಿನ ಕೈಗೆ, ಯಾವ ನ್ಯಾಯಾಧೀಶರು ಹೆಣ್ಣು ಕೂಸು ಕೊಡುತ್ತಾರೆ? ಅದಕ್ಕೆ ಧಾರವಾಡದ ಹೈಕೋರ್ಟ್ ಪೀಠಕ್ಕೆ ಹೋಗಿ, ಹುಡುಗಿ ಯಾರ ಹತ್ತಿರ ಇರಬೇಕೆಂಬ ಪ್ರಶ್ನೆ ಆಗಲೇ ಒಂದು ನ್ಯಾಯಾಲಯದ ಮುಂದಿದೆ, ಇದು ಮನೆಯ ಜಗಳ, ಪೊಲೀಸ್ ಕೇಸನ್ನು ರದ್ದು ಮಾಡಿ ಎಂದು ಕೇಳಬೇಕು.

"ಒಂದು ಮಾತು ಖರೆ ಹೇಳ್ರಿ," ಎಂದರು. "ಹೊಳ್ಳಿ ಯಾವಾಗ ಬಿಟ್ಟು ಬರಾವ್ರಿದ್ರಿ?"

ಸೋಮವಾರ ಎಂದೆ. ಯಾವ ಸೋಮವಾರ ಎಂದು ಅವರು ಕೇಳಲಿಲ್ಲ.

೧೫ ಆಗಸ್ಟ್

ಇಪ್ಪತ್ತು ವರ್ಷದಲ್ಲಿ ಮೊದಲ ಸಲ ಧ್ವಜಾರೋಹಣಕ್ಕೆ ನಾನಿಲ್ಲ. ಹೆಡ್‌ಮಾಸ್ತರರು ಫೋನ್ ಮಾಡಿ "ಈ ಸಲ ಒಂದೀಟು ಮನ್ಯಾಗ ಇರ್ರಿ" ಎಂದಿದ್ದರು. ಮನೆಯವರೆಗೂ ಡ್ರಮ್ಮಿನ ಸದ್ದು ಬರುತ್ತಿತ್ತು. ಹೆಜ್ಜೆ ತಪ್ಪಿದ್ದು ಇಲ್ಲಿಂದಲೇ ಗೊತ್ತಾಯಿತು. ಎಲ್ಲದಕ್ಕೂ ಆ ಚಷ್ಮಾನೇ ಕಾರಣ.

೨ ಸೆಪ್ಟೆಂಬರ್

ಆಡಳಿತ ಮಂಡಳಿಯ ಪತ್ರ ಬಂತು. ಪ್ರಕರಣ ಮುಗಿಯುವವರೆಗೆ ರಜೆಯ ಮೇಲೆ ಇರಬೇಕಂತೆ, ಮಕ್ಕಳ ಹಿತದೃಷ್ಟಿಯಿಂದ. ಮಕ್ಕಳ ಹಿತದೃಷ್ಟಿ! ಬಿಸಿಲಿಗೆ ತಲೆತಿರುಗಿ ಬಿದ್ದ ಮಕ್ಕಳನ್ನು ಹೆಗಲ ಮೇಲೆ ಹೊತ್ತು ಓಡಿದವನು ನಾನು. ಪತ್ರವನ್ನು ನಾಲ್ಕು ಚೂರು ಮಾಡಿದೆ. ಆಮೇಲೆ ವಕೀಲರಿಗೆ ಬೇಕಾಗುತ್ತದೆಂದು ಅಂಟಿಸಿದೆ.

೨೩ ಸೆಪ್ಟೆಂಬರ್, ಸೋಮವಾರ

ಧಾರವಾಡದ ಹೈಕೋರ್ಟಿನಲ್ಲಿ ತಡೆಯಾಜ್ಞೆ ಸಿಕ್ಕಿತು! ಮುಂದಿನ ಆದೇಶದವರೆಗೆ ಪೊಲೀಸರು ನನ್ನ ಕೇಸಿನಲ್ಲಿ ಕೈ ಆಡಿಸುವಂತಿಲ್ಲ. ನದಾಫರು ಎರಡು ನಿಮಿಷ ಮಾತಾಡಿರಬೇಕು, ಅಷ್ಟೇ. ದಾನಿ ಮ್ಯಾಜಿಸ್ಟ್ರೇಟರ ಮುಂದೆ ಕೊಟ್ಟ ಹೇಳಿಕೆಯನ್ನು ಓದಿದರು: 'ಮಾಮಾ ಬಾ ಅಂದ. ನಾ ಬಂದೆ. ಮಾಮಾ ಪ್ರತಿ ಪಂಚಮಿಗೂ ಬರ್ತಾನ.' ಬಂಗಾರದಂಥ ಹೇಳಿಕೆ. ನದಾಫರು ಹೇಳಿದ್ದೂ ಅದನ್ನೇ, ಇದರ ಮೇಲೆ ಇಡೀ ಅರ್ಜಿ ನಿಲ್ಲುತ್ತದೆ ಎಂದು.

ಹೊರಗೆ ಚಹಾದ ಅಂಗಡಿಯ ಹತ್ತಿರ ಚಷ್ಮಾ ಎದುರಾದ. ಸೊರಗಿದ್ದಾನೆ, ಅಂಗಿ ಇಸ್ತ್ರಿ ಕಂಡಿರಲಿಲ್ಲ. ಸೊರಗಲಿ.

"ಮಾಸ್ತರ, ಒಂದು ಫೋನ್ ಮಾಡಿದ್ರ ನಾನ ಕಳಸ್ತಿದ್ದೆ," ಎಂದ.

"ನಿನ್ನ ಅಪ್ಪಣೆ ಯಾವನಿಗೆ ಬೇಕಾಗೇತಲೇ? ಸತ್ತಾಕಿ ನನ್ನ ತಂಗಿ."

"ನನ್ನ ಹೇಣ್ತೀನೂ ಹೌದ್ರಿ ಆಕಿ. ಸಂಜೀ ಆರಕ್ಕ ಸಾಲಿ ಗೇಟಿನ ಮುಂದ ನಿಂತ ನನಗ ಏನಾಗಿರಬೇಕು, ವಿಚಾರ ಮಾಡ್ರಿ. ಗೇಟ ಹಾಕಿತ್ತು. ಕೂಸಿಲ್ಲ."

ನಾಟಕ. ಸಹಿ ಮಾಡಿದ ಪುಸ್ತಕ ಅಲ್ಲೇ ಇತ್ತಲ್ಲ? ಮರುದಿನ ಬೆಳಿಗ್ಗೆ ಹೆಡ್‌ಮಿಸ್ ಮನೆಗೆ ಹೋಗಿ ಕೇಳಿದ ಮೇಲೆ ಗೊತ್ತಾಯಿತಂತೆ. ಒಂದು ರಾತ್ರಿ ಹೆದರಿದರೆ ಹೆದರಲಿ. ನನಗೆ ತಂಗಿ ಸತ್ತ ಸುದ್ದಿ ಬಂದಾಗ ಹೇಗಾಗಿತ್ತು?

೨೨ ಅಕ್ಟೋಬರ್, ಮಂಗಳವಾರ

ಚಷ್ಮಾನ ಆಕ್ಷೇಪಣೆ ಬಂದಿದೆ. ಹದಿನಾಲ್ಕು ಪುಟ, ಪುಟಕ್ಕೊಂದು ವಿಷ.

ಒಂದು: ಮನೆಯಲ್ಲಿ ಸಾವಾದ ವರ್ಷ ಯಾರೂ ಹಬ್ಬ ಮಾಡುವುದಿಲ್ಲ, ಹಾಗಿದ್ದ ಮೇಲೆ ಪಂಚಮಿಗೆ ಕರೆತಂದೆ ಎಂಬುದು ಬರೀ ನೆಪ. ನದಾಫರು ಇದನ್ನು ಓದಿ ಕನ್ನಡಕ ತೆಗೆದು ಮೇಜಿನ ಮೇಲಿಟ್ಟರು.

"ಹೌದೇನ್ರಿ ಮಾಸ್ತರ? ಸಾವಾದ ವರ್ಷ ಹಬ್ಬ ಇಲ್ಲೇನು ನಿಮ್ಮಾಗ?"

"ಇರಂಗಿಲ್ರಿ. ಆದ್ರ ಸಣ್ಣ ಕೂಸು, ತಾಯಿ ಇಲ್ಲದ್ದು, ಜೋಕಾಲಿನೂ ಬ್ಯಾಡ ಅಂದ್ರ ಹೆಂಗ್ರಿ?"

"ಇದನ್ನ ಮದ್ಲ ಯಾಕ ಹೇಳಲಿಲ್ಲ ನನಗ?"

ಅವ್ವ ಆಗಲೇ ಹೇಳಿದ್ದಳು. "ಈ ವರ್ಷ ಉಂಡಿ ಕಟ್ಟಬಾರದೋ ಈರಣ್ಣ, ಜನ ಏನಂದಾರು" ಎಂದಿದ್ದಳು. ನಾನೇ ಕೂತು ಬೆಲ್ಲದ ಪಾಕ ಹಿಡಿದೆ. ಜೋಕಾಲಿಯ ಹಗ್ಗ ಕಟ್ಟಿದೆ. ಪಂಚಮಿಯ ಹಿಂದಿನ ವಾರ ನಮ್ಮ ಓಣಿಯ ಪ್ರಾಥಮಿಕ ಶಾಲೆಗೆ ಹೋಗಿ, ದಾನಿಯನ್ನು ನಡುವರ್ಷ ನಾಲ್ಕನೆಯ ಇಯತ್ತೆಗೆ ಸೇರಿಸಿಕೊಳ್ಳುತ್ತೀರಾ ಎಂದೂ ಕೇಳಿದ್ದೆ. ಅದು ಆ ಹದಿನಾಲ್ಕು ಪುಟದಲ್ಲಿಲ್ಲ. ಅದು ಯಾರಿಗೂ ಗೊತ್ತಿಲ್ಲ. ಒಮ್ಮೆ ಬಂದ ಮೇಲೆ ಅವನೇ ಬಂದು ನನ್ನ ಹೊಸ್ತಿಲಲ್ಲಿ ನಿಂತು ಕೇಳಿಕೊಳ್ಳಲಿ, ಆಗ ನೋಡೋಣ ಎಂದುಕೊಂಡಿದ್ದೆ. ತಪ್ಪೇನು?

ಎರಡು: ಕಸ್ತೂರಿಯ ಫೋನಿನ ಕರೆಗಳ ಪಟ್ಟಿ. ಅವಳು ಆಸ್ಪತ್ರೆ ಸೇರುವ ಎರಡು ದಿನ ಮೊದಲು ನನಗೆ ಮಾಡಿದ ಕರೆ, ಹನ್ನೊಂದು ನಿಮಿಷ. 'ಪತ್ನಿಗೆ ಜ್ವರವಿದ್ದ ಸಂಗತಿ ಅರ್ಜಿದಾರರಿಗೂ ತಿಳಿದಿತ್ತು' ಎಂದು ಬರೆಸಿದ್ದಾನೆ. ಈ ಕೇಸಿಗೂ ಅದಕ್ಕೂ ಏನು ಸಂಬಂಧ? ಏನು ಸಂಬಂಧ? ಸತ್ತವಳ ಫೋನು ತೆರೆದು ಕೂತಿದ್ದಾನೆ, ನಾಚಿಕೆಗೆಟ್ಟವನು.

೨೩ ಅಕ್ಟೋಬರ್

ಕಸ್ತೂರಿಯ ಆ ಕರೆ ಬಂದ ದಿನ ಜಿಲ್ಲಾ ಮಟ್ಟದ ಕಬಡ್ಡಿ ನಡೆದಿತ್ತು. ಮೈದಾನದಲ್ಲಿ ಸೀಟಿಯ ಗದ್ದಲ. "ಅಣ್ಣಾ, ಮೈ ಕೈ ಭಾಳ ಬ್ಯಾನಿ" ಎಂದಳು. "ಗುಳಿಗಿ ನುಂಗು, ಹೋಗ್ತೈತಿ" ಎಂದೆ. ಉಳಿದ ಹತ್ತು ನಿಮಿಷ ನಾನೇ ನಮ್ಮ ತಂಡ ಸೆಮಿಫೈನಲ್ ಗೆದ್ದದ್ದನ್ನು ಹೇಳಿದೆ.

ಆದರೆ ಗಂಡ ಹತ್ತಿರ ಇದ್ದವನು. ಹೊಣೆ ಅವನದು.

೫ ಡಿಸೆಂಬರ್, ಗುರುವಾರ

ಗದಗಿನ ಅರ್ಜಿಯ ದಿನ. ನ್ಯಾಯಾಲಯದ ಪಕ್ಕದ ಕೋಣೆಯಲ್ಲಿ ದಾನಿಯೊಂದಿಗೆ ಒಂದು ತಾಸು ಕಳೆಯಲು ಬಿಟ್ಟರು. ಉಪಯೋಗವಾಯಿತು. ಅಪ್ಪ ಸಂಜೆ ಎಷ್ಟಕ್ಕೆ ಬರುತ್ತಾನೆ (ಆರು), ಅಡುಗೆ ಯಾರು ಮಾಡುತ್ತಾರೆ (ಅವನೇ, ರೊಟ್ಟಿ ಖಾನಾವಳಿಯಿಂದ), ತಲೆ ಯಾರು ಬಾಚುತ್ತಾರೆ (ಅವನೇ), ಹೊಡೆಯುತ್ತಾನೆಯೇ (ಇಲ್ಲ), ಬೈಯುತ್ತಾನೆಯೇ (ಒಮ್ಮೆ, ಕಂಪಾಸ್ ಪೆಟ್ಟಿಗೆ ಕಳೆದದ್ದಕ್ಕೆ). ಎಲ್ಲವನ್ನೂ ಚೀಟಿಯಲ್ಲಿ ಬರೆದುಕೊಂಡು ನದಾಫರಿಗೆ ಕೊಟ್ಟೆ. ಬೈದದ್ದರ ಕೆಳಗೆ ಗೆರೆ ಎಳೆದೆ.

"ಜಜ್ಜರು ಕೇಳಿದ್ರ ಏನ ಹೇಳ್ತಿ?" ಎಂದು ದಾನಿಗೆ ಎರಡು ಸಲ ಹೇಳಿಸಿದೆ. ಅವಳಿಗೆ ಬೇಸರ ಬಂತು. "ಮಾಮಾ, ಆಟ ಆಡೂಣಲಾ?" ಎಂದಳು. ಸಮಯ ಮುಗಿದಿತ್ತು.

ಮನೆಗೆ ಬಂದ ಮೇಲೆ ಅವ್ವ ಕೇಳಿದಳು: "ಕೂಸು ಉದ್ದ ಆಗ್ಯಾಳೇನೋ? ಮುಂದಿನ ಹಲ್ಲ ಬಂದ್ವ?"

ನಾನು ನೋಡಿರಲಿಲ್ಲ.

"ಒಂದ ತಾಸು ಎದರಿಗೆ ಕುಂತು ಏನ ನೋಡಿದ್ಯೋ ನೀ?" ಎಂದು ಪಾತ್ರೆ ಕುಕ್ಕಿ ಒಳಗೆ ಹೋದಳು. ವಯಸ್ಸಾದವರಿಗೆ ಕೇಸಿನ ಗಂಭೀರತೆ ತಿಳಿಯುವುದಿಲ್ಲ.

೧೨ ಫೆಬ್ರವರಿ ೨೦೨೫, ಬುಧವಾರ

ಹೈಕೋರ್ಟಿನಲ್ಲಿ ಇವತ್ತು ನ್ಯಾಯಮೂರ್ತಿಗಳೇ ಕೇಳಿದರು: ಇಬ್ಬರೂ ಒಂದೇ ಮನೆಯವರಂತಿದ್ದೀರಿ, ಇವರು ಗದಗಿನ ಅರ್ಜಿ ಹಿಂದೆ ಪಡೆಯಲಿ, ಅವರು ಪೊಲೀಸ್ ದೂರು ಬಿಡಲಿ, ಮುಗಿಸಿಕೊಳ್ಳಬಾರದೇಕೆ?

ಹೊರಗೆ ಬಂದು ಚಷ್ಮಾನ ವಕೀಲರು ತಮ್ಮ ಕಕ್ಷಿದಾರ ಒಪ್ಪಿದ್ದಾನೆಂದರು. ಹಬ್ಬಕ್ಕೂ ಶಾಲೆಯ ಸೂಟಿಗೂ ದಾನಿಯನ್ನು ತಾನೇ ತಂದು ಬಿಡುತ್ತಾನಂತೆ. ತಾನೇ ತಂದು ಬಿಡುತ್ತಾನಂತೆ! ದಾನ ಕೊಡುವವನ ಹಾಗೆ.

"ಒಪ್ಗೋರಿ ಮಾಸ್ತರ," ಎಂದು ನದಾಫರು ತೋಳು ಹಿಡಿದರು. "ನಾಳೆ ಬೆಳಿಗ್ಗೆ ಸೀಟಿ ಕೊಳ್ಳಾಗ ಹಾಕ್ಕೊಂಡು ಸಾಲಿಗೆ ಹೋಗ್ತೀರಿ. ಹುಡುಗೀನೂ ಬಂದು ಹೋಗಿ ಮಾಡ್ತಾಳ. ಇನ್ನೇನ ಬೇಕ್ರಿ ನಿಮಗ?"

"ಅಂವ ಸೋಲಬೇಕ್ರಿ," ಎಂದೆ.

ನದಾಫರು ತೋಳು ಬಿಟ್ಟರು. "ನಾ ಹುಡುಗಿ ಸಲವಾಗಿ ಕೇಸು ತಗೊಂಡೇನಿ ಅನ್ಕೊಂಡಿದ್ದೆ," ಎಂದು ಕರೀ ಕೋಟು ಕೊಡವಿಕೊಂಡು ಹೋದರು. ಹುಡುಗಿಯ ಸಲುವಾಗಿಯೇ ಅಲ್ಲವೇ ಇದೆಲ್ಲ? ಅವರಿಗೂ ಈಗೀಗ ತಲೆ ಕೆಟ್ಟಿದೆ.

೨೧ ಏಪ್ರಿಲ್

ಹೈಕೋರ್ಟಿನ ಇವತ್ತಿನ ಪಟ್ಟಿಯಲ್ಲಿ ನನ್ನ ಕೇಸು ಎಪ್ಪತ್ನಾಲ್ಕನೆಯದು. ಅರವತ್ತಕ್ಕೆ ನಿಂತಿತು. ಬೆಳಿಗ್ಗೆ ಎದ್ದ ಕೂಡಲೇ ಮೊಬೈಲಿನಲ್ಲಿ ಪಟ್ಟಿ ನೋಡುವುದು ಚಟವಾಗಿದೆ. ದಾನಿಗೆ ನಾಲ್ಕನೆಯ ಇಯತ್ತೆ ಪಾಸಾಯಿತೆಂದು ಅವ್ವ ಹೇಳಿದಳು. ಅವ್ವನಿಗೆ ಹೇಗೆ ಗೊತ್ತಾಯಿತೆಂದು ಕೇಳಿದೆ. "ಚನ್ನವೀರ ಫೋನ್ ಮಾಡಿದ್ದ, ಪ್ರತಿ ರವಿವಾರ ಮಾಡಿಸ್ತಾನ ಕೂಸಿನ ಕಡಿಂದ," ಎಂದಳು. ಚಷ್ಮಾನ ಫೋನು, ನನ್ನ ಮನೆಯಲ್ಲಿ, ನನ್ನ ಬೆನ್ನ ಹಿಂದೆ! ಊಟ ಬಿಟ್ಟು ಎದ್ದೆ.

೧೮ ಜೂನ್, ಬುಧವಾರ

ಗೆದ್ದೆ. ಗೆದ್ದೆ. ಗೆದ್ದೆ.

ಕೇಸು ರದ್ದು. ನ್ಯಾಯಮೂರ್ತಿಗಳು ತೆರೆದ ನ್ಯಾಯಾಲಯದಲ್ಲೇ ಓದಿದರು. ಸೋದರಮಾವ ಹಗಲಿನಲ್ಲಿ, ಪುಸ್ತಕದಲ್ಲಿ ಸಹಿ ಮಾಡಿ, ಮಗುವಿನ ಅಜ್ಜಿಯ ಮನೆಗೇ ಕರೆತಂದಿದ್ದಾನೆ. ಮಗು ಎಲ್ಲಿರಬೇಕೆಂಬುದನ್ನು ಗದಗಿನ ನ್ಯಾಯಾಲಯ ತೀರ್ಮಾನಿಸಲಿ. ಇದನ್ನು ಅಪರಾಧವೆಂದು ಮುಂದುವರಿಸುವುದು ಕಾನೂನಿನ ದುರುಪಯೋಗ. ನಡುವೆ ಒಂದು ಸಾಲು, 'ಅರ್ಜಿ ಬಾಕಿಯಿರುವಾಗ ಅರ್ಜಿದಾರರು ತಾಳ್ಮೆಯಿಂದ ಇರಬೇಕಿತ್ತು, ಪ್ರೀತಿಯು ಅಧಿಕಾರವನ್ನು ಕೊಡುವುದಿಲ್ಲ' ಎಂದೂ ಇದೆ. ಇರಲಿ. ಎಲ್ಲ ಆದೇಶದಲ್ಲೂ ಇಂಥದೊಂದು ಇರುತ್ತದೆ.

ಧಾರವಾಡ ಪೇಢೆ ಕೊಂಡು ಓಣಿಗೆಲ್ಲ ಹಂಚಿದೆ. ಬಾಗಿಲ ಸಂದಿಯಿಂದ ಇಣುಕಿದವರಿಗೆ ಎರಡೆರಡು ಕೊಟ್ಟೆ.

ಇನ್ನು ಅವನ ಸರದಿ. ಕಸ್ತೂರಿಗೆ ಸಮಯಕ್ಕೆ ಚಿಕಿತ್ಸೆ ಕೊಡಿಸದೆ ಸಾಯಿಸಿದನೆಂದು ದೂರು ಬರೆಯಲು ಕೂತಿದ್ದೇನೆ. ನದಾಫರು ಬರೆದುಕೊಡಲು ಒಪ್ಪಲಿಲ್ಲ. ಒಪ್ಪದಿದ್ದರೆ ಬೇಡ, ಹತ್ತು ತಿಂಗಳಲ್ಲಿ ನನಗೂ ಭಾಷೆ ಬಂದಿದೆ. ಅವನೂ ಒಂದು ದಿನ ಜೀಪಿನ ಹಿಂದಿನ ಸೀಟಿನಲ್ಲಿ ಕೂರಲಿ. ಅವನ ಓಣಿಯೂ ನೋಡಲಿ.

೨೪ ಜೂನ್, ಮಂಗಳವಾರ

ಇದನ್ನು ಬರೆಯಲು ಕೈ ಏಳುತ್ತಿಲ್ಲ. ಆದರೂ ಬರೆದಿಡುತ್ತೇನೆ.

ಗದಗಿನ ಅರ್ಜಿಯ ದಿನ. ನಾನು ಹೊಸ ಅಂಗಿ ಹಾಕಿಕೊಂಡು, ದೂರಿನ ನಾಲ್ಕು ಪುಟ ಕಿಸೆಯಲ್ಲಿಟ್ಟುಕೊಂಡು ಹೋಗಿದ್ದೆ. ಮುಗಿಸಿ ಅಲ್ಲಿಂದಲೇ ಠಾಣೆಗೆ ನಡೆಯುವುದೆಂದು. ಚನ್ನವೀರ ನನ್ನನ್ನು ಕಂಡು ವರಾಂಡದ ಆ ತುದಿಗೆ ಸರಿದ. ದಾನಿ ಓಡಿ ಬಂದಳು. ಬೆನ್ನ ಮೇಲೆ ಶಾಲೆಯ ಪಾಟೀಚೀಲ. ಉದ್ದವಾಗಿದ್ದಾಳೆ. ಮುಂದಿನ ಹಲ್ಲು ಎರಡೂ ಬಂದಿವೆ.

"ಮಾಮಾ, ನೀ ಗೆದ್ದ್ಯಂತ? ಖರೆ?"

"ಖರೆ."

"ಹಂಗಾದ್ರ ಈಗ ಅಪ್ಪನ್ನ ಒಯ್ತಾರೇನು?"

"ಯಾರ ಹೇಳಿದ್ರವ್ವಾ ನಿನಗ?" ಎಂದೆ. ಕಿಸೆಯ ಮೇಲೆ ನನ್ನ ಕೈ ತಾನಾಗಿ ಹೋಗಿತ್ತು.

"ಯಾರೂ ಹೇಳಿಲ್ಲ. ಅವತ್ತ ಅಪ್ಪ ಗೆದ್ದಾಗ ನಿನ್ನ ಒಯ್ದ್ರಲ್ಲ, ಜೀಪಿನ್ಯಾಗ. ಈಗ ನೀ ಗೆದ್ದಿ."

ಅವಳು ಗುಟ್ಟು ಹೇಳುವವಳಂತೆ ಹತ್ತಿರ ಸರಿದು ಚೀಲ ಇಳಿಸಿ, ಜಿಪ್ಪು ಸ್ವಲ್ಪವೇ ತೆರೆದು ತೋರಿಸಿದಳು. ಒಳಗೆ ಪುಸ್ತಕವಿರಲಿಲ್ಲ. ಮಡಚಿದ ಎರಡು ಫ್ರಾಕು, ಒಂದು ಟವೆಲ್ಲು, ಹಲ್ಲುಜ್ಜುವ ಬ್ರಷ್ಷು, ಕಸ್ತೂರಿಯ ಒಂದು ಸಣ್ಣ ಫೋಟೋ.

"ಕೋರ್ಟಿಗೆ ಬರೂವಾಗೆಲ್ಲ ತರ್ತೀನಿ," ಎಂದಳು. "ಅಪ್ಪಗ ಗೊತ್ತಿಲ್ಲ. ಯಾರ ಮನಿಗೆ ಒಯ್ತಾರ ಗೊತ್ತಾಗಂಗಿಲ್ಲಲ್ಲ. ನಿನ್ನೂ ಒಯ್ದು ಅಪ್ಪನ್ನೂ ಒಯ್ದ್ರ ನಾ ಅಜ್ಜಿ ಕಡೆ ಇರ್ತೀನಿ. ಅಜ್ಜಿನ್ನ ಒಯ್ಯಂಗಿಲ್ಲಲ್ಲ?"

ಪ್ರತಿ ಸಲ. ಅಂದರೆ ಡಿಸೆಂಬರಿನ ಆ ಒಂದು ತಾಸಿನಲ್ಲೂ. ನಾನು ಚೀಟಿಯಲ್ಲಿ ಗೆರೆ ಎಳೆಯುತ್ತಿದ್ದಾಗ ಈ ಕೂಸು ಮನೆ ಕಟ್ಟಿಕೊಂಡು ಬಂದು ನನ್ನೆದುರು ಕೂತಿತ್ತು. ತಂಗಿ ಹನ್ನೊಂದು ನಿಮಿಷ ಹೇಳಲು ನೋಡಿದ್ದನ್ನು ಕೇಳದ ಕಿವಿಯೇ ಇದು. ಥೂ ನನ್ನ ಜನ್ಮಕ್ಕೆ.

ನದಾಫರನ್ನು ಬದಿಗೆ ಕರೆದು ಅರ್ಜಿ ಹಿಂದೆ ತೆಗೆದುಕೊಳ್ಳುತ್ತೇನೆ ಎಂದೆ. ಅವರು ನನ್ನ ಮುಖ ನೋಡಿ ಬಿಳಿ ಹಾಳೆ ತೆಗೆದರು. ನಾನು ದೂರಿನ ನಾಲ್ಕು ಪುಟವನ್ನೂ ಅವರಿಗೇ ಕೊಟ್ಟೆ. ಓದಲಿಲ್ಲ. ಹರಿದರು.

ಒಳಗೆ ನ್ಯಾಯಾಧೀಶರು ಕೇಳಿದರು: "ಯಾರದಾದ್ರೂ ಒತ್ತಾಯ ಐತೇನು?"

"ಇಲ್ರಿ. ಹುಡುಗಿ ಅವರಪ್ಪನ ಮನ್ಯಾಗ ಇರ್ಲಿ."

ಚನ್ನವೀರ ತಲೆ ಎತ್ತಿ ನನ್ನನ್ನು ನೋಡಿದ. ಇದರಲ್ಲೂ ಏನೋ ಮೋಸವಿದೆ ಎಂದುಕೊಂಡಿರಬೇಕು. ಅವನ ತಪ್ಪಲ್ಲ.

ಹೊರಗೆ ಬಂದು ದಾನಿಯ ಮುಂದೆ ಕೂತೆ. "ಇನ್ನ ಮ್ಯಾಲೆ ಕೋರ್ಟಿಲ್ಲವ್ವಾ. ಚೀಲದಾಗ ಅರಿವಿ ತುಂಬಬ್ಯಾಡ. ನೀ ಅಪ್ಪನ ಕಡೆನ ಇರ್ತಿ. ಗೊತ್ತಾತ?"

ಅವಳು ಲೆಕ್ಕ ಹಾಕಿದಳು.

"ಅಂದ್ರ ನೀ ಸೋತಿ?"

"ಹೂಂ. ಸೋತೆ."

ಅವಳು ನನ್ನ ಕೈಯನ್ನು ಎರಡೂ ಕೈಯಲ್ಲಿ ಗಟ್ಟಿಯಾಗಿ ಹಿಡಿದುಕೊಂಡು, ಜೀಪು ಬಂತೇನೋ ಎಂದು ಗೇಟಿನ ಕಡೆ ನೋಡಿದಳು.